ಮತಕ್ಕೆ ಮುಂಚೆ ಮಾತು: ಷೇರುದಾರರು ಮರೆತ ಒಂದು ಹಕ್ಕು

ಜುಲೈಯಿಂದ ಸೆಪ್ಟೆಂಬರ್ ಕೊನೆಯವರೆಗೆ ನಮ್ಮ ದೇಶದಲ್ಲಿ ಕಂಪೆನಿಗಳ ಮಹಾಸಭೆಗಳ ಕಾಲ. ಮಾರ್ಚ್ 31ಕ್ಕೆ ಲೆಕ್ಕದ ವರ್ಷ ಮುಗಿಯುತ್ತದೆ. ಅಲ್ಲಿಂದ ಆರು ತಿಂಗಳೊಳಗೆ, ಅಂದರೆ ಸೆಪ್ಟೆಂಬರ್ 30ರೊಳಗೆ, ವಾರ್ಷಿಕ ಮಹಾಸಭೆ ನಡೆಸಬೇಕೆಂಬುದು ಕಾನೂನು. ಹತ್ತು ಷೇರು ಇದ್ದವರಿಗೂ ಹತ್ತು ಲಕ್ಷ ಷೇರು ಇದ್ದವರಿಗೂ ಒಂದೇ ನೋಟೀಸು ಬರುತ್ತದೆ. ಹಿಂದೆ ಅಂಚೆಯವನು ದಪ್ಪ ವರದಿ ತಂದು ಹಾಕುತ್ತಿದ್ದ. ಅದು ಓದದೆಯೇ ರದ್ದಿಗೆ ಹೋಗುತ್ತಿತ್ತು. ಈಗ ಬಹುಪಾಲು ಇ-ಮೇಲ್‌ನಲ್ಲಿ ಬರುತ್ತದೆ, ತೆರೆಯದೆಯೇ ಉಳಿಯುತ್ತದೆ. ವ್ಯತ್ಯಾಸ ಅಷ್ಟೆ.

ಈ ಪುಟದ ಓದುಗರಲ್ಲಿ ಪಿಯುಸಿ, ಬಿ.ಕಾಂ. ಓದುತ್ತಿರುವ ವಿದ್ಯಾರ್ಥಿಗಳಿದ್ದಾರೆ, ಉಳಿತಾಯದ ಒಂದಿಷ್ಟು ಹಣವನ್ನು ನಾಲ್ಕಾರು ಕಂಪೆನಿಗಳಲ್ಲಿ ತೊಡಗಿಸಿದ ಅವರ ತಂದೆತಾಯಿಯರೂ ಇದ್ದಾರೆ. ಷೇರುದಾರರು ಕಂಪೆನಿಯ ಒಡೆತನದಲ್ಲಿ ಪಾಲುದಾರರು ಎಂದು ಮಕ್ಕಳು ತರಗತಿಯಲ್ಲಿ ಕಲಿಯುತ್ತಾರೆ. ಹಾಗಿದ್ದರೆ ಆ ಪಾಲುದಾರರು ತಮ್ಮ ಅಭಿಪ್ರಾಯವನ್ನು ಉಳಿದ ಪಾಲುದಾರರಿಗೆ ತಿಳಿಸುವುದು ಎಲ್ಲಿ, ಯಾವಾಗ? ಈ ಪ್ರಶ್ನೆಗೆ 'ಮಹಾಸಭೆಯಲ್ಲಿ' ಎಂದು ಹೆಚ್ಚಿನವರು ಉತ್ತರಿಸುತ್ತಾರೆ. ಉತ್ತರ ತಪ್ಪಲ್ಲ. ಆದರೆ ಮಹಾಸಭೆಯ ದಿನಕ್ಕೆ ಅದು ತಡವಾಗಿಬಿಟ್ಟಿರುತ್ತದೆ.

ಸಭೆಗೆ ಮೊದಲೇ ಮುಗಿಯುವ ಮತದಾನ

ಷೇರು ಪೇಟೆಯಲ್ಲಿ ನೋಂದಾಯಿತವಾದ ಕಂಪೆನಿಗಳು ಷೇರುದಾರರಿಗೆ ಇ-ಮತದಾನದ ಸೌಲಭ್ಯ ಒದಗಿಸಲೇಬೇಕು. ಮನೆಯಲ್ಲಿ ಕುಳಿತೇ ಮತ ಹಾಕುವ ಈ ಮತದಾನ ಕನಿಷ್ಠ ಮೂರು ದಿನ ತೆರೆದಿರುತ್ತದೆ. ಸಭೆಯ ಹಿಂದಿನ ದಿನ ಸಂಜೆ 5 ಗಂಟೆಗೆ ಮುಚ್ಚುತ್ತದೆ. ಹೀಗೆ ಮತ ಹಾಕಿದವರು ಮರುದಿನ ಸಭೆಗೆ ಬರಬಹುದು, ಮಾತನಾಡಬಹುದು. ಆದರೆ ಮತ್ತೆ ಮತ ಹಾಕುವಂತಿಲ್ಲ, ಹಾಕಿದ ಮತವನ್ನು ಬದಲಿಸುವಂತೆಯೂ ಇಲ್ಲ.

ಇದರ ಅರ್ಥವೇನೆಂದು ಸ್ವಲ್ಪ ಯೋಚಿಸಿ. ಸಭೆಯಲ್ಲಿ ನಿವೃತ್ತ ಶಿಕ್ಷಕರೊಬ್ಬರು ಎದ್ದು ನಿಂತು, ಕಂಪೆನಿಯ ಜಮೀನನ್ನು ಅಗ್ಗದ ಬೆಲೆಗೆ ಮಾರಲಾಗುತ್ತಿದೆ ಎಂದು ಅಂಕಿ ಅಂಶಗಳ ಸಮೇತ ತೋರಿಸುತ್ತಾರೆ ಎಂದಿಟ್ಟುಕೊಳ್ಳೋಣ. ಕೇಳಿದವರೆಲ್ಲ ತಲೆದೂಗಬಹುದು. ಆದರೆ ಮನೆಯಲ್ಲಿ ಕುಳಿತು ಮತ ಹಾಕಿದವರ ತೀರ್ಪು ಹಿಂದಿನ ಸಂಜೆಯೇ ಪೆಟ್ಟಿಗೆ ಸೇರಿದೆ. ಊರು ಕೊಳ್ಳೆ ಹೊಡೆದ ಮೇಲೆ ಕೋಟೆ ಬಾಗಿಲು ಹಾಕಿದರೆಂಬ ಗಾದೆ ಇಲ್ಲಿ ಅಕ್ಷರಶಃ ಸರಿಹೊಂದುತ್ತದೆ.

ಅಂಚೆ ಮತದಾನದಲ್ಲಂತೂ ಸಭೆಯೇ ಇರುವುದಿಲ್ಲ. 2014ರ ಜುಲೈಯಲ್ಲಿ ಟಾಟಾ ಮೋಟಾರ್ಸ್ ತನ್ನ ಹಿರಿಯ ಅಧಿಕಾರಿಗಳ ಸಂಭಾವನೆಗೆ ಒಪ್ಪಿಗೆ ಕೇಳಿದ್ದು ಇಂಥ ಮತದಾನದಲ್ಲಿ. ಅವು ವಿಶೇಷ ನಿರ್ಣಯಗಳಾದ್ದರಿಂದ ಚಲಾವಣೆಯಾದ ಮತಗಳ ಮುಕ್ಕಾಲು ಭಾಗ ಬೇಕಿತ್ತು. ಅಷ್ಟು ಸಿಗಲಿಲ್ಲ, ನಿರ್ಣಯಗಳು ಬಿದ್ದವು. ಕಂಪೆನಿ ಷೇರುದಾರರ ಮುಂದೆ ವಿಷಯವನ್ನು ಮತ್ತೆ ಇಟ್ಟು 2015ರ ಜನವರಿಯಲ್ಲಿ ಒಪ್ಪಿಗೆ ಪಡೆಯಿತು. ಅಲ್ಲಿ ಎದ್ದು ನಿಂತು ಮಾತನಾಡಲು ಸಭಾಂಗಣವೇ ಇರಲಿಲ್ಲ. ಒಪ್ಪಿಸುವುದೂ ತಡೆಯುವುದೂ ಏನಿದ್ದರೂ ಮತ ಹಾಕುವ ಮುಂಚೆ ಷೇರುದಾರರ ಕೈಗೆ ಏನು ತಲುಪುತ್ತದೆ ಎಂಬುದರ ಮೇಲೆಯೇ ನಿಂತಿತ್ತು.

ಆಡಳಿತ ಮಂಡಳಿಯ ಮಾತು ತಲುಪುವುದು ಸುಲಭ. ಪ್ರತಿಯೊಂದು ವಿಶೇಷ ವಿಷಯಕ್ಕೂ ನೋಟೀಸಿನ ಜೊತೆ ಒಂದು ವಿವರಣಾ ಹೇಳಿಕೆ ಇರಬೇಕೆಂದು ಕಾನೂನೇ ಹೇಳುತ್ತದೆ. ಅದನ್ನು ಬರೆಯುವುದು ಮಂಡಳಿ. ಖರ್ಚು ಕಂಪೆನಿಯದು, ಅಂದರೆ ಎಲ್ಲ ಷೇರುದಾರರದು. ಎದುರು ಪಕ್ಷದ ಮಾತು ತಲುಪುವುದು ಹೇಗೆ? ನಿಜವಾದ ಪ್ರಶ್ನೆ ಇದು.

ಕಾಯಿದೆಯಲ್ಲಿರುವ ದಾರಿ

2013ರ ಕಂಪೆನಿ ಕಾಯಿದೆಯ 111ನೇ ಸೆಕ್ಷನ್ ಈ ಪ್ರಶ್ನೆಗೆ ಉತ್ತರ ಕೊಡುತ್ತದೆ. ಅದರ ಪ್ರಕಾರ ಸದಸ್ಯರು ಎರಡು ಬಗೆಯ ಬೇಡಿಕೆ ಸಲ್ಲಿಸಬಹುದು. ಒಂದು, ತಾವು ಮಂಡಿಸಲಿರುವ ನಿರ್ಣಯದ ನೋಟೀಸನ್ನು ಎಲ್ಲ ಸದಸ್ಯರಿಗೂ ಕಳಿಸಿ ಎಂದು ಕೇಳುವುದು. ಎರಡು, ಆ ನಿರ್ಣಯದ ಬಗ್ಗೆ ಅಥವಾ ಸಭೆಯ ಮುಂದಿರುವ ಯಾವುದೇ ವಿಷಯದ ಬಗ್ಗೆ ತಮ್ಮ ಹೇಳಿಕೆಯನ್ನು ಎಲ್ಲರಿಗೂ ಹಂಚಿ ಎಂದು ಕೇಳುವುದು. ಕೇಳಿದರೆ ಕಂಪೆನಿ ಮಾಡಲೇಬೇಕು. ಮಾಡದಿದ್ದರೆ ಕಂಪೆನಿಗೂ ತಪ್ಪಿತಸ್ಥ ಅಧಿಕಾರಿಗಳಿಗೂ ತಲಾ 25 ಸಾವಿರ ರೂಪಾಯಿ ದಂಡ.

ಷರತ್ತುಗಳು ಮೂರು. ಮೊದಲನೆಯದು ಬಲ: ಮತಾಧಿಕಾರವುಳ್ಳ ಪಾವತಿಯಾದ ಷೇರು ಬಂಡವಾಳದಲ್ಲಿ ಹತ್ತನೇ ಒಂದು ಭಾಗ ಬೇಡಿಕೆದಾರರ ಕೈಯಲ್ಲಿರಬೇಕು. ಎರಡನೆಯದು ಸಮಯ: ನಿರ್ಣಯವಾದರೆ ಸಭೆಗೆ ಆರು ವಾರ ಮೊದಲು, ಬರೀ ಹೇಳಿಕೆಯಾದರೆ ಎರಡು ವಾರ ಮೊದಲು, ಸಹಿ ಹಾಕಿದ ಬೇಡಿಕೆ ಕಂಪೆನಿಯ ನೋಂದಾಯಿತ ಕಚೇರಿ ಸೇರಬೇಕು. ಮೂರನೆಯದು ಹಣ: ಹಂಚುವ ಖರ್ಚಿಗೆ ಸಾಕಾಗುವಷ್ಟು ಮೊತ್ತವನ್ನು ಬೇಡಿಕೆದಾರರೇ ಕಟ್ಟಬೇಕು.

ಈಗ ಕ್ಯಾಲೆಂಡರ್ ಹಿಡಿದು ಲೆಕ್ಕ ಹಾಕಿ. ವಿದ್ಯಾರ್ಥಿಗಳಿಗೆ ಇದು ಒಳ್ಳೆಯ ಅಭ್ಯಾಸ. ಮಹಾಸಭೆಯ ನೋಟೀಸು ಸಾಮಾನ್ಯವಾಗಿ ಬರುವುದು 21 ದಿನ ಮುಂಚೆ. ನಿರ್ಣಯ ಕಳಿಸಬೇಕಾದದ್ದು 42 ದಿನ ಮುಂಚೆ. ಅಂದರೆ ನೋಟೀಸು ಕೈ ಸೇರುವ ಹೊತ್ತಿಗೆ ನಿರ್ಣಯದ ಗಡುವು ಮುಗಿದು ಮೂರು ವಾರ ಕಳೆದಿರುತ್ತದೆ. ಸಭೆಯ ದಿನ ಗೊತ್ತಾಗುವ ಮೊದಲೇ ಬೇಡಿಕೆ ಸಲ್ಲಿಸಿದವರಿಗೆ ಮಾತ್ರ ಕಾನೂನು ಒಂದು ರಕ್ಷಣೆ ಕೊಟ್ಟಿದೆ: ಬೇಡಿಕೆ ಬಂದ ಮೇಲೆ ಕಂಪೆನಿ ಆರು ವಾರದೊಳಗಿನ ದಿನಕ್ಕೆ ವಾರ್ಷಿಕ ಸಭೆ ಕರೆದರೂ ಆ ಬೇಡಿಕೆ ಸಕಾಲದಲ್ಲಿ ಬಂದಿದೆಯೆಂದೇ ಭಾವಿಸಲಾಗುತ್ತದೆ.

ಹೇಳಿಕೆಯ ವಿಷಯದಲ್ಲಿ ಸ್ವಲ್ಪ ಅವಕಾಶವುಂಟು. 21ರಲ್ಲಿ 14 ಕಳೆದರೆ 7. ಆ ಏಳು ದಿನಗಳೊಳಗೆ ನೋಟೀಸು ಓದಿ, ಅರ್ಥ ಮಾಡಿಕೊಂಡು, ಹೇಳಿಕೆ ಬರೆದು, ಹತ್ತನೇ ಒಂದು ಭಾಗ ಬಂಡವಾಳ ಹೊಂದಿದವರ ಸಹಿ ಸಂಗ್ರಹಿಸಿ, ನೋಂದಾಯಿತ ಕಚೇರಿಗೆ ತಲುಪಿಸಬೇಕು. ದೊಡ್ಡ ಹೂಡಿಕೆ ಸಂಸ್ಥೆಗೆ ಇದು ಸಾಧ್ಯ. ಬೇರೆ ಬೇರೆ ಊರುಗಳಲ್ಲಿ ಚದುರಿ ಕುಳಿತಿರುವ, ಒಬ್ಬರಿಗೊಬ್ಬರು ಗುರುತಿಲ್ಲದ ಸಣ್ಣ ಷೇರುದಾರರಿಗೆ?

ಮುಚ್ಚಿಹೋದ ಬಾಗಿಲು

ಹಳೆಯ ಕಾನೂನು ಇಷ್ಟು ಬಿಗಿಯಾಗಿರಲಿಲ್ಲ. 1956ರ ಕಂಪೆನಿ ಕಾಯಿದೆಯ 188ನೇ ಸೆಕ್ಷನ್‌ನಲ್ಲಿ ಇದೇ ಹಕ್ಕಿಗೆ ಎರಡು ಬಾಗಿಲುಗಳಿದ್ದವು. ಒಟ್ಟು ಮತಬಲದ ಇಪ್ಪತ್ತನೇ ಒಂದು ಭಾಗ ಇದ್ದವರಿಗೆ ಒಂದು. ಇನ್ನೊಂದು ಜನರ ಸಂಖ್ಯೆಯದು: ಕನಿಷ್ಠ 100 ಮಂದಿ ಸದಸ್ಯರು ಸೇರಬೇಕು, ಅವರೆಲ್ಲರ ಷೇರುಗಳ ಮೇಲೆ ಪಾವತಿಯಾದ ಮೊತ್ತ ಒಟ್ಟು ಒಂದು ಲಕ್ಷ ರೂಪಾಯಿ ಇದ್ದರೆ ಸಾಕು. ಹೇಳಿಕೆ 1,000 ಪದ ಮೀರಬಾರದು ಎಂಬ ಮಿತಿಯಿತ್ತು. (ವಿದ್ಯಾರ್ಥಿಗಳಿಗೆ ಒಂದು ಎಚ್ಚರಿಕೆ: ಹೊಸ ಕಾಯಿದೆಯ 188ನೇ ಸೆಕ್ಷನ್ ಬೇರೆಯದೇ ವಿಷಯಕ್ಕೆ, ಸಂಬಂಧಿಗಳ ಜೊತೆಗಿನ ವ್ಯವಹಾರಕ್ಕೆ, ಸೇರಿದ್ದು. ಪರೀಕ್ಷೆಯಲ್ಲಿ ಗೊಂದಲ ಬೇಡ.)

ಎರಡು ಕಾಯಿದೆಗಳ ಅಂತರವನ್ನು ಒಂದು ಲೆಕ್ಕದಿಂದ ನೋಡೋಣ. ಒಂದು ಕಂಪೆನಿಯ ಪಾವತಿಯಾದ ಬಂಡವಾಳ 100 ಕೋಟಿ ರೂಪಾಯಿ, ಷೇರಿನ ಮುಖಬೆಲೆ 10 ರೂಪಾಯಿ ಎಂದುಕೊಳ್ಳಿ. ಒಟ್ಟು 10 ಕೋಟಿ ಷೇರುಗಳಾದವು. ಹಳೆಯ ಕಾಯಿದೆಯಂತೆ ತಲಾ 100 ಷೇರು ಇರುವ 100 ಮಂದಿ, ಅಂದರೆ 10,000 ಷೇರುಗಳ ಬಲದಿಂದ, ತಮ್ಮ ಮಾತನ್ನು ಎಲ್ಲರಿಗೂ ಹಂಚಿಸಬಹುದಿತ್ತು. ಹೊಸ ಕಾಯಿದೆಯಂತೆ ಬೇಕಾದದ್ದು ಒಂದು ಕೋಟಿ ಷೇರು. ಹಿಂದೆ ಬೇಕಿದ್ದುದಕ್ಕಿಂತ ಸಾವಿರ ಪಟ್ಟು! ಪ್ರವರ್ತಕರ ಕೈಯಲ್ಲಿ ಅರ್ಧ ಬಂಡವಾಳ ಇದ್ದರೆ, ಉಳಿದವರಲ್ಲಿ ಐದನೇ ಒಂದು ಭಾಗದಷ್ಟು ಷೇರು ಹೊಂದಿದವರು ಒಟ್ಟುಗೂಡಬೇಕು.

ನಮ್ಮ 1956ರ ಏರ್ಪಾಡಿನಂಥದೇ ಏರ್ಪಾಡು ಇಂಗ್ಲೆಂಡಿನ 1948ರ ಕಾಯಿದೆಯಲ್ಲಿತ್ತು. ಅಲ್ಲಿ 2006ರಲ್ಲಿ ಹೊಸ ಕಾಯಿದೆ ಬಂದಾಗಲೂ ಆ ಬಾಗಿಲನ್ನು ಮುಚ್ಚಲಿಲ್ಲ. ಮತಬಲದ ಶೇಕಡಾ 5 ಇದ್ದವರು, ಅಥವಾ ಸರಾಸರಿ ತಲಾ 100 ಪೌಂಡ್ ಪಾವತಿಯಾದ ಷೇರುಗಳುಳ್ಳ 100 ಮಂದಿ ಸದಸ್ಯರು, 1,000 ಪದಗಳ ಹೇಳಿಕೆಯನ್ನು ಕಂಪೆನಿಯ ಮೂಲಕ ಹಂಚಿಸಬಹುದು. ಸಭೆಗೆ ಒಂದು ವಾರ ಮುಂಚೆ ಕೊಟ್ಟರೂ ನಡೆಯುತ್ತದೆ. ನಾವು ಮಾತ್ರ ನೂರು ಮಂದಿಯ ಬಾಗಿಲನ್ನು ಕೈಬಿಟ್ಟೆವು.

ಕಂಪೆನಿಯ ಮೂಲಕ ಆಗದಿದ್ದರೆ ತಾವೇ ನೇರವಾಗಿ ಉಳಿದ ಷೇರುದಾರರಿಗೆ ಪತ್ರ ಬರೆಯಬಹುದಲ್ಲ ಎಂದು ಯಾರಾದರೂ ಕೇಳಬಹುದು. ಸದಸ್ಯರ ನೋಂದಣಿ ಪುಸ್ತಕವನ್ನು ನೋಡುವ, ಪ್ರತಿ ಪಡೆಯುವ ಹಕ್ಕು ಷೇರುದಾರರಿಗೆ ಇದೆ, ನಿಜ. ಆದರೆ 2022ರ ಏಪ್ರಿಲ್‌ನಲ್ಲಿ ಬಂದ ನಿಯಮದಂತೆ ಆ ಪುಸ್ತಕದಲ್ಲಿರುವ ವಿಳಾಸ, ಇ-ಮೇಲ್, ಪ್ಯಾನ್ ಸಂಖ್ಯೆಗಳನ್ನು ತೋರಿಸುವಂತಿಲ್ಲ. ಖಾಸಗಿ ವಿವರ ದುರುಪಯೋಗವಾಗಬಾರದು ಎಂಬುದು ಒಪ್ಪತಕ್ಕ ಮಾತೇ. ಆದರೆ ಪರಿಣಾಮ ನೋಡಿ: ಹೆಸರು ಸಿಗುತ್ತದೆ, ಪತ್ರ ಎಲ್ಲಿಗೆ ಬರೆಯಬೇಕೆಂಬುದು ಸಿಗುವುದಿಲ್ಲ. ವಿಳಾಸಗಳೆಲ್ಲ ಇರುವುದು ಕಂಪೆನಿಯ ಬಳಿ. ಹಾಗಾಗಿ ಕಂಪೆನಿಯ ಮೂಲಕ ಹಂಚಿಸುವ ಹಕ್ಕು ಮೊದಲಿಗಿಂತ ಹೆಚ್ಚು ಅಗತ್ಯವಾಗಿದೆ. ಅದನ್ನು ಬಳಸುವುದು ಮಾತ್ರ ಮೊದಲಿಗಿಂತ ಕಷ್ಟವಾಗಿದೆ.

ಹದಿನೇಳು ಷೇರುಗಳ ಮೊಕದ್ದಮೆ

ಅಮೆರಿಕದಲ್ಲಿ ಈ ಹಕ್ಕು ಗಟ್ಟಿಯಾದ ಬಗೆ ಸ್ವಾರಸ್ಯಕರವಾಗಿದೆ. ಷೇರುದಾರರ ಪ್ರಸ್ತಾವವನ್ನು ಕಂಪೆನಿಯು ತನ್ನ ಸಭಾಪತ್ರಗಳ ಜೊತೆಗೇ ಕಳಿಸಬೇಕು, ಸಮರ್ಥನೆಗೆ 100 ಪದಗಳ ಅವಕಾಶ ಕೊಡಬೇಕು ಎಂದು ಅಲ್ಲಿನ ಷೇರು ನಿಯಂತ್ರಣ ಆಯೋಗ 1942ರಲ್ಲಿ ನಿಯಮ ಮಾಡಿತು. ಟ್ರಾನ್ಸ್‌ಅಮೆರಿಕ ಎಂಬ ದೊಡ್ಡ ಕಂಪೆನಿಯಲ್ಲಿ ಕೇವಲ 17 ಷೇರು ಹೊಂದಿದ್ದ ಜಾನ್ ಗಿಲ್ಬರ್ಟ್ ಎಂಬಾತ 1946ರಲ್ಲಿ ಕೆಲವು ಪ್ರಸ್ತಾವಗಳನ್ನು ಕಳಿಸಿದ. ಲೆಕ್ಕಪರಿಶೋಧಕರನ್ನು ಷೇರುದಾರರೇ ಆರಿಸಬೇಕು, ಸಭೆಯಲ್ಲಿ ನಡೆದುದರ ವರದಿಯನ್ನು ಎಲ್ಲ ಷೇರುದಾರರಿಗೂ ಕಳಿಸಬೇಕು ಎಂಬವು ಅವುಗಳಲ್ಲಿ ಸೇರಿದ್ದವು.

ಕಂಪೆನಿ ಒಪ್ಪಲಿಲ್ಲ. ಉಪನಿಯಮ ಬದಲಿಸುವ ವಿಷಯ ಸಭೆಯ ನೋಟೀಸಿನಲ್ಲಿ ಇರಲೇಬೇಕೆಂದು ನಮ್ಮ ಉಪನಿಯಮವೇ ಹೇಳುತ್ತದೆ, ನೋಟೀಸು ಸಿದ್ಧಪಡಿಸುವವರು ನಾವು, ನಾವು ಸೇರಿಸಿಲ್ಲ ಎಂದು ವಾದಿಸಿತು. ಆಯೋಗ ನ್ಯಾಯಾಲಯಕ್ಕೆ ಹೋಯಿತು. 1947ರಲ್ಲಿ ಮೇಲ್ಮನವಿ ನ್ಯಾಯಾಲಯ ಕಂಪೆನಿಯ ವಾದವನ್ನು ತಳ್ಳಿಹಾಕಿತು. ನೋಟೀಸು ಬರೆಯುವ ಅಧಿಕಾರವೊಂದರಿಂದಲೇ ಆಡಳಿತಗಾರರು ಷೇರುದಾರರ ಮಾತನ್ನು ತಡೆಯಬಹುದಾದರೆ ಕಾನೂನು ಕೊಟ್ಟ ಹಕ್ಕಿಗೆ ಅರ್ಥವೇ ಉಳಿಯುವುದಿಲ್ಲ. ಕಂಪೆನಿ ನಡೆಯುವುದು ಷೇರುದಾರರ ಹಿತಕ್ಕಾಗಿಯೇ ಹೊರತು ಆಡಳಿತಗಾರರ ಹಿತಕ್ಕಾಗಿ ಅಲ್ಲ ಎಂಬುದು ಆ ತೀರ್ಪಿನ ತಿರುಳು. ಹದಿನೇಳು ಷೇರುಗಳ ಬಲಕ್ಕೆ ಸಿಕ್ಕ ತೀರ್ಪು ಇದು!

ಇಂಥ ಪ್ರಸ್ತಾವಗಳು ಹೆಚ್ಚಾಗಿ ಸೋಲುತ್ತವೆ. ಸೋಲುವುದಾದರೆ ಶ್ರಮವೇಕೆ? ದಕ್ಷಿಣ ಆಫ್ರಿಕದ ವರ್ಣಭೇದ ನೀತಿಯ ಕಾಲದ ಒಂದು ನಿದರ್ಶನ ಇದಕ್ಕೆ ಉತ್ತರ ಕೊಡುತ್ತದೆ. ಜನರಲ್ ಮೋಟಾರ್ಸ್ ಆ ದೇಶದಿಂದ ಹೊರಬರಬೇಕೆಂದು ಷೇರುದಾರನಾಗಿದ್ದ ಎಪಿಸ್ಕೋಪಲ್ ಚರ್ಚ್ 1971ರಲ್ಲಿ ನಿರ್ಣಯ ಮಂಡಿಸಿತು. ಬಿದ್ದ ಮತ ಶೇಕಡಾ 2ಕ್ಕಿಂತಲೂ ಕಡಿಮೆ. ಆದರೆ ಕಂಪೆನಿಯ ನಿರ್ದೇಶಕರಲ್ಲೊಬ್ಬರಾದ ಲಿಯಾನ್ ಸಲಿವನ್ ಅವರೇ ಆ ನಿರ್ಣಯದ ಪರ ಮಾತನಾಡಿದರು. ದಕ್ಷಿಣ ಆಫ್ರಿಕದಲ್ಲಿ ವ್ಯವಹರಿಸುವ ಕಂಪೆನಿಗಳು ಕರಿಯ ಕಾರ್ಮಿಕರನ್ನು ಸಮಾನವಾಗಿ ಕಾಣಬೇಕೆಂಬ ಅವರ ಸೂತ್ರಗಳು 1977ರಲ್ಲಿ ಹೊರಬಂದವು. 1986ರಲ್ಲಿ ಜನರಲ್ ಮೋಟಾರ್ಸ್ ಅಲ್ಲಿಂದ ಹೊರಡುವ ನಿರ್ಧಾರ ಪ್ರಕಟಿಸಿತು. ಒಂದು ನಿರ್ಣಯದಿಂದಲೇ ಇದೆಲ್ಲ ಆಯಿತೆಂದು ಹೇಳಲಾಗದು. ಆದರೆ ಎಲ್ಲ ಷೇರುದಾರರ ಕೈಗೂ ತಲುಪಿದ ಪ್ರಶ್ನೆಯನ್ನು ಆಡಳಿತ ಮಂಡಳಿ ಮರೆತಂತೆ ನಟಿಸುವುದು ಕಷ್ಟವಾಗುತ್ತದೆ.

ಇನ್ನೊಂದು ಪಕ್ಷದ ಮಾತು

ನೂರು ಮಂದಿಯ ಬಾಗಿಲನ್ನು ತೆರೆದಿಟ್ಟರೆ ಕಿಡಿಗೇಡಿಗಳು ನುಗ್ಗುತ್ತಾರೆ ಎಂಬ ಆಕ್ಷೇಪವುಂಟು. ಅದನ್ನು ಹಗುರವಾಗಿ ಕಾಣಬಾರದು. 1956ರ ಒಂದು ಲಕ್ಷ ರೂಪಾಯಿ ದೊಡ್ಡ ಮೊತ್ತ. 2013ರ ಹೊತ್ತಿಗೆ ಅದು ತೀರಾ ಸಣ್ಣದಾಗಿತ್ತು. ಸ್ವಂತ ಲಾಭಕ್ಕಾಗಿ ಕಂಪೆನಿಯನ್ನು ಪೀಡಿಸಬೇಕೆಂದು ಹೊರಟವರಿಗೆ ನೂರು ಸಹಿ ಕೂಡಿಸುವುದು ಕಷ್ಟದ ಕೆಲಸವಲ್ಲ.

ಆದರೆ ಮದ್ದು ಕಾಯಿಲೆಗೆ ತಕ್ಕಂತಿರಬೇಕು. ಮೊತ್ತ ಸಣ್ಣದಾಗಿದ್ದರೆ ಅದನ್ನು ಹೆಚ್ಚಿಸಬಹುದಿತ್ತು. ಇಷ್ಟು ವರ್ಷ ಷೇರು ಇಟ್ಟುಕೊಂಡಿರಬೇಕು ಎಂದು ಅಮೆರಿಕದವರು ಮಾಡಿರುವಂತೆ ಷರತ್ತು ಹಾಕಬಹುದಿತ್ತು. ಮಾನಹಾನಿಯ ಮಾತಿಗೆ ಅನಗತ್ಯ ಪ್ರಚಾರ ಕೊಡಲು ಈ ಹಕ್ಕನ್ನು ದುರುಪಯೋಗ ಮಾಡಲಾಗುತ್ತಿದೆ ಎಂದು ಕಂಡರೆ, ಹೇಳಿಕೆ ಹಂಚಬೇಕಿಲ್ಲ ಎಂದು ಕೇಂದ್ರ ಸರ್ಕಾರ ಆದೇಶಿಸಬಹುದೆಂಬ ಉಪಬಂಧ 111ನೇ ಸೆಕ್ಷನ್‌ನಲ್ಲೇ ಇದೆ. ಇನ್ನು ಖರ್ಚಿನ ಮಾತು. ಅಚ್ಚು ಹಾಕಿಸಿ, ಲಕೋಟೆಗೆ ಸೇರಿಸಿ, ಅಂಚೆ ಚೀಟಿ ಅಂಟಿಸಿ ಲಕ್ಷ ಜನರಿಗೆ ಕಳಿಸುವ ಕಾಲದಲ್ಲಿ ಅದು ದೊಡ್ಡ ಹೊರೆಯಾಗಿತ್ತು. ಇ-ಮೇಲ್ ಕಾಲದಲ್ಲಿ ಆ ಹೊರೆ ಬಹಳ ಹಗುರ.

ಕಾನೂನಿಗೆ ಈ ತತ್ವ ತಿಳಿಯದೆಯೂ ಇಲ್ಲ. ನಿರ್ದೇಶಕರೊಬ್ಬರನ್ನು ಅವಧಿಗೆ ಮುನ್ನ ತೆಗೆದುಹಾಕುವ ನಿರ್ಣಯ ಬಂದರೆ, ಅವರು ಬರೆದುಕೊಟ್ಟ ಸಮಜಾಯಿಷಿಯನ್ನು ಕಾಲಾವಕಾಶವಿದ್ದರೆ ಕಂಪೆನಿ ಎಲ್ಲ ಸದಸ್ಯರಿಗೂ ಕಳಿಸಬೇಕೆಂದು 169ನೇ ಸೆಕ್ಷನ್ ಹೇಳುತ್ತದೆ. ತೀರ್ಪಿಗೆ ಮೊದಲು ಎರಡೂ ಕಡೆಯ ಮಾತು ತೀರ್ಪುಗಾರರಿಗೆ ತಲುಪಬೇಕು ಎಂಬುದೇ ಇದರ ಅರ್ಥ. ಕುರ್ಚಿ ಕಳೆದುಕೊಳ್ಳಲಿರುವ ನಿರ್ದೇಶಕರಿಗೆ ಸಲ್ಲುವ ಈ ನ್ಯಾಯ, ಉಳಿತಾಯ ಕಳೆದುಕೊಳ್ಳಬಹುದಾದ ಷೇರುದಾರರಿಗೂ ಸಲ್ಲಬೇಡವೇ?

ಈಗ ಮಾಡಬಹುದಾದದ್ದು

ಕಾನೂನು ಬದಲಾಗುವವರೆಗೆ ಕೈಕಟ್ಟಿ ಕೂರಬೇಕಿಲ್ಲ. ಮೊದಲಿಗೆ, ನೋಟೀಸು ಬಂದ ದಿನವೇ ತೆರೆದು ಓದಿ. ವಿವರಣಾ ಹೇಳಿಕೆಯಲ್ಲಿ ಏನಿದೆ ಎಂಬುದರ ಜೊತೆಗೆ ಏನಿಲ್ಲ ಎಂಬುದನ್ನೂ ಗಮನಿಸಿ. ಪ್ರಶ್ನೆಯಿದ್ದರೆ ಕಂಪೆನಿ ಕಾರ್ಯದರ್ಶಿಗೆ ಬರವಣಿಗೆಯಲ್ಲಿ ಕಳಿಸಿ. ಮತದಾನ ಆರಂಭವಾಗುವ ಮೊದಲೇ ಉತ್ತರ ಬೇಕೆಂದು ಕೇಳಿ. ಬಾಯಿಮಾತಿಗೆ ಇಲ್ಲದ ತೂಕ ಬರೆದ ಪತ್ರಕ್ಕೆ ಇರುತ್ತದೆ.

ಎರಡನೆಯದಾಗಿ, ನಿಮ್ಮ ಮನೆಯಲ್ಲಿ ಮ್ಯೂಚುಯಲ್ ಫಂಡ್ ಹೂಡಿಕೆ ಇದ್ದರೆ ಆ ಫಂಡ್ ನಿಮ್ಮ ಹಣದಿಂದಲೇ ಷೇರುದಾರನಾಗಿರುತ್ತದೆ. ತನ್ನಲ್ಲಿರುವ ಷೇರುಗಳ ಎಲ್ಲ ನಿರ್ಣಯಗಳಿಗೂ ಫಂಡ್ ಮತ ಹಾಕಲೇಬೇಕೆಂಬ ಸೆಬಿಯ ನಿಯಮ 2022ರ ಏಪ್ರಿಲ್ 1ರಿಂದ ಜಾರಿಯಲ್ಲಿದೆ. ಯಾವ ನಿರ್ಣಯಕ್ಕೆ ಹೇಗೆ, ಯಾವ ಕಾರಣಕ್ಕೆ ಮತ ಹಾಕಿತು ಎಂಬುದನ್ನೂ ಅದು ಪ್ರಕಟಿಸಬೇಕು. ನಿಮ್ಮ ಅಭಿಪ್ರಾಯವನ್ನು ಫಂಡ್‌ಗೆ ಬರೆಯಿರಿ. ಹತ್ತನೇ ಒಂದು ಭಾಗದ ಬಲ ಒಟ್ಟುಗೂಡುವುದಾದರೆ ಅದು ಇಂಥ ದೊಡ್ಡ ಕೈಗಳ ಮೂಲಕವೇ.

ಮೂರನೆಯದಾಗಿ, ಪ್ರವರ್ತಕರ ಸಂಬಂಧಿಗಳ ಜೊತೆಗಿನ ವ್ಯವಹಾರಕ್ಕೆ ಒಪ್ಪಿಗೆ ಕೇಳುವ ನಿರ್ಣಯಗಳನ್ನು ಬಿಡದೆ ನೋಡಿ. ನೋಂದಾಯಿತ ಕಂಪೆನಿಗಳಲ್ಲಿ ಅಂಥ ವ್ಯವಹಾರಕ್ಕೆ ಒಪ್ಪಿಗೆ ಕೊಡುವ ಮತವನ್ನು ಸಂಬಂಧಿಗಳು ಹಾಕುವಂತಿಲ್ಲ. ಅಲ್ಲಿ ಉಳಿದವರ ಮತವೇ ನಿರ್ಣಾಯಕ. 'ನನ್ನ ಹತ್ತು ಷೇರಿನಿಂದ ಏನಾಗುತ್ತದೆ' ಎಂಬ ಮಾತು ಅಲ್ಲಿ ಅಷ್ಟಾಗಿ ಸಲ್ಲದು.

ವಿದ್ಯಾರ್ಥಿಗಳು ಒಂದು ಕೆಲಸ ಮಾಡಬಹುದು. ಈ ಸಲ ಮನೆಗೆ ಬರುವ ಒಂದು ನೋಟೀಸನ್ನು ತೆಗೆದುಕೊಳ್ಳಿ. ಅದರಲ್ಲಿನ ಒಂದೇ ಒಂದು ನಿರ್ಣಯವನ್ನು ಆರಿಸಿ, ಅದರ ಪರವಾಗಿಯೋ ವಿರುದ್ಧವಾಗಿಯೋ ಸಾವಿರ ಪದ ಮೀರದಂತೆ ಒಂದು ಹೇಳಿಕೆ ಬರೆಯಿರಿ. ಬೈಗುಳ ಬೇಡ, ಲೆಕ್ಕ ಇರಲಿ, ಕಾರಣ ಇರಲಿ. ಬರೆದದ್ದನ್ನು ಅಪ್ಪ ಅಮ್ಮನಿಗೆ ಓದಿ ಹೇಳಿ. ಇ-ಮತದಾನ ಇನ್ನೂ ತೆರೆದಿರುವಾಗಲೇ ಓದಿ ಹೇಳಿ.